ಬಂದರು, ಕಂಟೇನರ್ ಡಿಪೋ ಲೋಡಿಂಗ್ ಕೆಲಸದಲ್ಲಿ ಏಟು ಬಿದ್ರೆ ಪರಿಹಾರ ಹೆಂಗೆ? ನಮ್ಮ ಕಡೆ ಜನ ಪದೇ ಪದೇ ಕೇಳೋ ಪ್ರಶ್ನೆಗಳು

ಕುಣಿಗಲ್ ಮೇಲೆ ಹಾದುಹೋಗೋ ಹೈವೇ 75 ಒಂದು ಕಡೆ ಹಾಸನ ದಾಟಿ ಮಂಗಳೂರಿಗೆ ಇಳಿಯುತ್ತೆ, ಇನ್ನೊಂದು ಕಡೆ ಬೆಂಗಳೂರು ದಾಟಿ ಕೋಲಾರ, ಮುಳಬಾಗಿಲು ಮೇಲೆ ವೆಲ್ಲೂರು ಕಡೆ ಹೋಗುತ್ತೆ. ಸಮುದ್ರಾನೇ ಇಲ್ಲದ ನಮ್ಮ ತುಮಕೂರು, ಕೋಲಾರ, ಚಿಕ್ಕಬಳ್ಳಾಪುರ ಮೂರು ಜಿಲ್ಲೆಯ ಹುಡುಗರು ಇದೇ ರೋಡಲ್ಲಿ ಬಂದರು ಕೆಲಸಕ್ಕೆ ಹೋಗ್ತಾರೆ. ನಮ್ಮ ಚಿಕ್ಕಪ್ಪ ಹಂಗೇ ಹೋದವ್ರು, ಬಲಗೈ ಹೆಬ್ಬೆಟ್ಟು ಕಳ್ಕೊಂಡು ವಾಪಸ್ ಬಂದ್ರು. ಅವ್ರ ಕೇಸಿಗೆ ಓಡಾಡಿದ ಮೇಲೆ ಊರಲ್ಲಿ ಯಾರಿಗೆ ಏಟು ಬಿದ್ರೂ ನನ್ನ ಕೇಳೋಕೆ ಶುರು ಮಾಡಿದ್ರು, ಫೋನಲ್ಲಿ, ಮದುವೆ ಮನೇಲಿ, ಬಸ್ ಸ್ಟ್ಯಾಂಡಲ್ಲಿ. ಆ ಪ್ರಶ್ನೆಗಳನ್ನ ಅವ್ರ ಮಾತಲ್ಲೇ ಇಲ್ಲಿ ಹಾಕಿದೀನಿ.

## ಮೊದಲು ಕೆಲಸದ ಬಗ್ಗೆ

"ನಾವು ತುಮಕೂರಿನವ್ರು, ಬಂದರಿನ ಕಾನೂನು ಕಟ್ಕೊಂಡು ನಮಗೇನಾಗ್ಬೇಕು?"

ಬಂದರು ಅಂದ್ರೆ ಬರೀ ಪಣಂಬೂರು, ಚೆನ್ನೈ ಅಲ್ಲ ಅಣ್ಣ. ಅಲ್ಲಿ ಇಳಿದ ಕಂಟೇನರ್ ರೈಲಲ್ಲಿ ವೈಟ್‌ಫೀಲ್ಡ್ ಡಿಪೋಗೆ ಬರುತ್ತೆ, ಅಲ್ಲಿಂದ ಲಾರೀಲಿ ವಸಂತನರಸಾಪುರ, ನರಸಾಪುರದ ಫ್ಯಾಕ್ಟರಿ ಗೋಡೌನಿಗೆ ಬರುತ್ತೆ. ಮಾಲೂರು, ಬಂಗಾರಪೇಟೆ ಕಡೆಯವ್ರು ಬೆಳಗಿನ ಟ್ರೈನ್ ಹತ್ತೋದು ಇಂಥ ಕೆಲಸಗಳಿಗೇ. ಚಿಕ್ಕಬಳ್ಳಾಪುರದ ಕಲ್ಲು ಕ್ವಾರೀಲಿ ಲಾರಿಗೆ ಏರಿದ್ರೆ ಬಂದರಲ್ಲಿ ಇಳಿಯುತ್ತೆ. ಎರಡೂ ತುದೀಲಿ ನಮ್ಮ ಜನಾನೇ ಇರೋದು, ಏಟು ಬಿದ್ರೆ ಕೇಳೋ ಪರಿಹಾರದ ಕಾನೂನೂ ಒಂದೇ, 1923ರ ನೌಕರರ ಪರಿಹಾರ ಕಾಯ್ದೆ, ಈಗ ಅದು ಸಾಮಾಜಿಕ ಭದ್ರತಾ ಸಂಹಿತೆ ಒಳಗಿದೆ.

"ಮೂಟೆ ಹೊರೋದು ತಾನೆ, ಅದ್ರಲ್ಲಿ ಅಂಥ ಡೇಂಜರ್ ಏನಿದೆ?"

ಮೂಟೆ ಹೊರೋದೇ ಸಣ್ಣದಲ್ಲ. ಸಿಮೆಂಟ್ ಮೂಟೆ 50 ಕೆಜಿ, ಯೂರಿಯಾ 2018ರಿಂದ 45 ಕೆಜಿ. ಗಂಡಾಳು ಒಬ್ಬ 55 ಕೆಜಿಗಿಂತ ಜಾಸ್ತಿ ಹೊರಬಾರದು ಅಂತ ಅಂತಾರಾಷ್ಟ್ರೀಯ ಕಾರ್ಮಿಕ ಸಂಸ್ಥೆ 1967ರಲ್ಲೇ ಹೇಳಿದೆ, ಆದ್ರೂ ಬೇಗ ಮುಗೀಲಿ ಅಂತ ಒಂದೇ ಸಲಕ್ಕೆ ಎರಡು ಮೂಟೆ ಬೆನ್ನಿಗೆ ಹಾಕಿಸ್ಕೊಳ್ಳೋರನ್ನ ನಾನೇ ನೋಡಿದೀನಿ. ಆದ್ರೆ ಬಂದರಲ್ಲಿ ಜೀವ ತೆಗೆಯೋದು ಮೂಟೆಗಿಂತ ಮೇಲೆ ನೇತಾಡೋ ಲೋಡು. ಕ್ರೇನ್ ಕೊಕ್ಕೆಯಿಂದ ಎರಡು ಎಳೆ ಸ್ಲಿಂಗ್ ಇಳಿದಿರುತ್ತೆ ಅಂದ್ಕೊಳ್ಳಿ, 10 ಟನ್ ಕಲ್ಲು, ಎರಡೂ ಎಳೆ ನೆಟ್ಟಗೆ ಇದ್ರೆ ಒಂದೊಂದ್ರ ಮೇಲೆ 5 ಟನ್. ಅದೇ ಸ್ಲಿಂಗ್ ಗಿಡ್ಡ ಆಗಿ ಎರಡು ಎಳೆ ಮಧ್ಯೆ 120 ಡಿಗ್ರಿ ಅಗಲ ಆಯ್ತು ಅಂದ್ರೆ ಒಂದೊಂದು ಎಳೇನೂ 10 ಟನ್ ಎಳೀತಿರುತ್ತೆ. ಕಲ್ಲು ಅದೇ, ಸ್ಲಿಂಗ್ ಅದೇ, ಕಟ್ಟಿದ ರೀತಿಯಿಂದ ಭಾರ ಡಬಲ್. ಕೆಳಗೆ ನಿಂತವ್ನಿಗೆ ಇದು ಕಣ್ಣಿಗೆ ಕಾಣಲ್ಲ. ಅದಕ್ಕೇ ಸ್ಲಿಂಗ್, ಕೊಕ್ಕೆ, ಶ್ಯಾಕಲ್ ಮೇಲೆ ಎಷ್ಟು ಟನ್ ತಡೆಯುತ್ತೆ ಅಂತ ಎಸ್‌ಡಬ್ಲ್ಯುಎಲ್ ಗುರುತು ಇರ್ಬೇಕು, ಅದು ಅಳಿಸಿಹೋಗಿದ್ರೆ ಆ ಸಾಮಾನು ಮುಟ್ಟಬೇಡಿ.

ಇನ್ನೊಂದು ಹಡಗು ಕಟ್ಟೋ ಹಗ್ಗ. ಬಿಗಿಯಾಗಿರೋ ಹಗ್ಗ ಕಿತ್ರೆ ಚಾಟಿ ಥರ ವಾಪಸ್ ಹೊಡೆಯುತ್ತೆ, ಕಾಲು ಮುರಿಯೋಕೆ ಒಂದು ಸೆಕೆಂಡ್ ಸಾಕು, ಹಂಗಾಗಿ ಬಿಗಿದ ಹಗ್ಗದ ನೇರಕ್ಕೆ ಯಾವತ್ತೂ ನಿಲ್ಲಬಾರದು. ಡಿಪೋದಲ್ಲಿ ಇರೋರಿಗೆ ಕಂಟೇನರ್ ಬಾಗಿಲು. ದಾರೀಲಿ ಒಳಗಿನ ಸಾಮಾನು ಜಾರಿ ಬಾಗಿಲಿಗೆ ಒರಗಿರುತ್ತೆ, ತೆಗೆದ ತಕ್ಷಣ ಮೈಮೇಲೇ ಬರುತ್ತೆ. ಒಂದು ಬಾಗಿಲು ಸ್ವಲ್ಪ ತೆಗೆದು, ಪಕ್ಕದಲ್ಲಿ ನಿಂತು ನೋಡಿ, ಆಮೇಲೆ ಇನ್ನೊಂದು.

"ಹಡಗಿನ ಹೊಟ್ಟೆಗೆ ಇಳಿದವ್ನು ಏಟೇ ಇಲ್ದೆ ಸುಮ್ನೆ ಬಿದ್ದು ಸತ್ತ ಅಂತಾರೆ, ನಿಜಾನಾ?"

ನಿಜ. ನಮ್ಮ ಕಡೆ ಹಳಬರಿಗೆ ರಾಗಿ ಹಗೇವು, ಅಂದ್ರೆ ರಾಗಿ ತುಂಬಿಡೋ ನೆಲದೊಳಗಿನ ಗುಂಡಿ, ಗೊತ್ತಿರುತ್ತೆ. ಹಗೇವು ಬಾಯಿ ತೆಗೆದ ತಕ್ಷಣ ಯಾರೂ ಇಳೀತಿರಲಿಲ್ಲ, ಗಾಳಿ ಆಡೋಕೆ ಬಿಟ್ಟು, ದೀಪ ಇಳಿಸಿ ನೋಡಿ, ದೀಪ ಆರದೇ ಇದ್ರೆ ಮಾತ್ರ ಇಳೀತಿದ್ರು. ಹಡಗಿನ ಹೊಟ್ಟೇನೂ ಅಷ್ಟೇ. ಮರದ ದಿಮ್ಮಿ, ಕಲ್ಲಿದ್ದಲು, ಕಬ್ಬಿಣದ ಚೂರು ಇವೆಲ್ಲ ಮುಚ್ಚಿದ ಜಾಗದಲ್ಲಿ ಗಾಳೀಲಿರೋ ಆಮ್ಲಜನಕ ಹೀರ್ಕೊಂಡು ಬಿಡ್ತವೆ. ಮಾಮೂಲಿ ಗಾಳೀಲಿ ಆಮ್ಲಜನಕ 20.9 ಪರ್ಸೆಂಟ್ ಇರುತ್ತೆ, 10ಕ್ಕಿಂತ ಕೆಳಗೆ ಹೋದ್ರೆ ಮನುಷ್ಯ ಕೂಗೋ ಮುಂಚೆ ಪ್ರಜ್ಞೆ ತಪ್ಪಿ ಏಣಿಯಿಂದ ಬೀಳ್ತಾನೆ. ಅಯ್ಯೋ ಅಂತ ಇನ್ನೊಬ್ಬ ಇಳೀತಾನೆ, ಅವನೂ ಬೀಳ್ತಾನೆ, ಮೂರನೆಯವ್ನೂ. ಒಬ್ಬ ಬಿದ್ದಿದ್ದು ಕಂಡ್ರೆ ಇಳೀಬೇಡಿ, ಎಷ್ಟೇ ಬೇಕಾದವನಾದ್ರೂ ಇಳೀಬೇಡಿ, ಮೇಲಿಂದ ಕೂಗಿ ಉಸಿರಾಟದ ಸಿಲಿಂಡರ್ ಇರೋರನ್ನ ಕರೆಸಿ. ಇಲ್ಲಿ ದೀಪ ಇಳಿಸೋ ಉಪಾಯ ಬೇಡ್ವೇ ಬೇಡ, ಕಲ್ಲಿದ್ದಲು ಬಿಡೋ ಗ್ಯಾಸ್ ಹತ್ತಿಕೊಳ್ಳುತ್ತೆ, ಮೀಟರ್ ಹಾಕಿ ನೋಡಿದ ಮೇಲೇ ಇಳೀಬೇಕು.

ಧಾನ್ಯದ ಲೋಡಲ್ಲಿ ಹುಳ ಸಾಯೋಕೆ ಮಾತ್ರೆ ಇಟ್ಟಿರ್ತಾರೆ, ಅದರಿಂದ ಫಾಸ್ಫೀನ್ ಅನ್ನೋ ವಿಷದ ಗ್ಯಾಸ್ ಬರುತ್ತೆ. ಬೆಳ್ಳುಳ್ಳಿ ಅಥವಾ ಕೊಳೆತ ಮೀನಿನ ಥರ ವಾಸನೆ ಬಂದ್ರೆ ಆಚೆ ಓಡಿಬನ್ನಿ. ವಾಸನೆ ಬರ್ಲಿಲ್ಲ ಅಂದ್ರೆ ಗ್ಯಾಸ್ ಇಲ್ಲ ಅಂತಾನೂ ಅಲ್ಲ.

"ಹೆಲ್ಮೆಟ್, ಶೂ ನಮ್ಮ ದುಡ್ಡಲ್ಲೇ ತಗೋಬೇಕಾ? ಕೂಲೀಲಿ ಹಿಡ್ಕೋತಾರೆ"

ಕೊಡೋದು ಕೆಲಸ ಕೊಟ್ಟವ್ರ ಜವಾಬ್ದಾರಿ, ಹಿಡ್ಕೊಳ್ಳೋ ಹಾಗಿಲ್ಲ. ಬಂದರು ಕಾರ್ಮಿಕರ ಸುರಕ್ಷತೆಗೆ ಅಂತಾನೇ 1986ರ ಕಾಯ್ದೆ, 1990ರ ನಿಯಮಾವಳಿ ಬಂದಿದ್ವು, ಈಗ ಅದನ್ನ ಔದ್ಯೋಗಿಕ ಸುರಕ್ಷತೆ ಸಂಹಿತೆ ಒಳಗೆ ಸೇರಿಸಿದಾರೆ.

## ಏಟು ಬಿದ್ದ ಮೇಲೆ

"ಏಟು ಬಿದ್ದ ದಿನ ಆಸ್ಪತ್ರೆ ಬಿಟ್ಟು ಬೇರೇನಾದ್ರೂ ಮಾಡ್ಬೇಕಾ?"

ಮಾಡ್ಬೇಕು, ಆ ದಿನ ಮತ್ತೆ ಮಾರನೇ ದಿನ ಆಗೋ ಕಾಗದಗಳ ಮೇಲೇ ಕೇಸು ನಿಲ್ಲೋದು. ನಮ್ಮ ಚಿಕ್ಕಪ್ಪನ ಕಥೆ ಹೇಳ್ತೀನಿ. ಕರಾವಳಿಯ ಒಂದು ಬಂದರಲ್ಲಿ ದಿಮ್ಮಿ ಇಳಿಸ್ತಿದ್ರು, ಸ್ಲಿಂಗ್ ಸಡಿಲ ಆಗಿ ದಿಮ್ಮಿ ಉರುಳಿ ಹೆಬ್ಬೆಟ್ಟು ಜಜ್ಜಿ ಹೋಯ್ತು. ಆಸ್ಪತ್ರೆಗೆ ಕರ್ಕೊಂಡು ಹೋದ ಮೇಸ್ತ್ರಿ "ರೂಮಲ್ಲಿ ಬಾಗಿಲಿಗೆ ಸಿಕ್ಕಿ ಆಯ್ತು ಅಂತ ಹೇಳು, ಇಲ್ಲಾಂದ್ರೆ ಪೊಲೀಸು ಗಿಲೀಸು ಅಂತ ನಿಂಗೇ ತೊಂದ್ರೆ" ಅಂದ. ನೋವಲ್ಲಿ ಚಿಕ್ಕಪ್ಪ ಹೂಂ ಅಂದ್ರು. ಆಸ್ಪತ್ರೆ ಚೀಟೀಲಿ ಬಾಗಿಲು ಅಂತಾನೇ ಬರೆದ್ರು. ಆ ಒಂದು ಪದ ತಪ್ಪು ಅಂತ ಪ್ರೂವ್ ಮಾಡೋಕೆ ನಮಗೆ ಒಂದೂವರೆ ವರ್ಷ ಹಿಡೀತು, ಜೊತೇಲಿ ಕೆಲಸ ಮಾಡ್ತಿದ್ದ ಇಬ್ಬರು ಬಂದು ಸಾಕ್ಷಿ ಹೇಳಿದ್ರು ಅಂತ ಉಳ್ಕೊಂಡ್ವಿ.

ಹಂಗಾಗಿ ಡಾಕ್ಟ್ರಿಗೆ ಮೊದಲ ಸಲಾನೇ "ಇಂಥ ಕಡೆ ಕೆಲಸ ಮಾಡ್ತಾ ಹಿಂಗಾಯ್ತು" ಅಂತ ಹೇಳಿ, ಎಂಎಲ್‌ಸಿ (ಪೊಲೀಸರಿಗೂ ತಿಳಿಸೋ ಆಸ್ಪತ್ರೆ ದಾಖಲೆ) ಮಾಡಿ ಅಂತ ಕೇಳಿ, ನಂಬರ್ ಬರ್ಕೊಳ್ಳಿ. ಪೊಲೀಸ್ ಸ್ಟೇಷನ್ನಿಗೆ ಲಿಖಿತ ದೂರು ಕೊಟ್ಟು ಸೀಲ್ ಹಾಕಿದ ಕಾಪಿ ಇಟ್ಕೊಳ್ಳಿ. ಜಾಗದ ಫೋಟೋ, ಹರಿದ ಸ್ಲಿಂಗ್ ಫೋಟೋ, ಜೊತೆಗಿದ್ದ ಇಬ್ಬರು ಮೂವರ ಫೋನ್ ನಂಬರ್ ಅವತ್ತೇ ತಗೊಳ್ಳಿ, ಯಾಕಂದ್ರೆ ಮುಂದಿನ ತಿಂಗಳು ಅವ್ರು ಬೇರೆ ಊರಲ್ಲಿರ್ತಾರೆ. ಮಾಲೀಕನಿಗೆ ಏಟು ಬಿದ್ದ ವಿಷಯ ವಾಟ್ಸಾಪಲ್ಲಾದ್ರೂ ಬರೆದು ಕಳಿಸಿ, ಆಮೇಲೆ ರಿಜಿಸ್ಟರ್ಡ್ ಪೋಸ್ಟ್ ಮಾಡಿ.

"ಅವ್ನೇ ಅಜಾಗರೂಕತೆಯಿಂದ ಕೆಲಸ ಮಾಡಿದ, ತಪ್ಪು ಅವ್ನದ್ದೇ ಅಂತಾರೆ. ಪರಿಹಾರ ಸಿಗಲ್ವಾ?"

ಸಿಗುತ್ತೆ. ಈ ಕಾನೂನಲ್ಲಿ ಮಾಲೀಕನ ತಪ್ಪು ತೋರಿಸ್ಬೇಕಾಗಿಲ್ಲ, ಕೆಲಸದಲ್ಲಿದ್ದಾಗ, ಕೆಲಸದಿಂದಾಗಿ ಏಟು ಬಿತ್ತು ಅಂತ ತೋರಿಸಿದ್ರೆ ಸಾಕು. ಕುಡಿದಿದ್ದ, ಬೇಕು ಅಂತಾನೇ ಸುರಕ್ಷತೆ ನಿಯಮ ಮುರಿದ, ಗಾರ್ಡ್ ತೆಗೆದು ಹಾಕಿದ, ಅದರಿಂದಾನೇ ನೇರವಾಗಿ ಏಟು ಬಿತ್ತು ಅಂತ ಅವ್ರು ಪ್ರೂವ್ ಮಾಡಿದ್ರೆ ಮಾತ್ರ ತಪ್ಪಿಸ್ಕೋಬಹುದು. ಸಾವು ಆಗಿದ್ರೆ, ಇಲ್ಲಾ ಇನ್ನು ಯಾವ ಕೆಲಸಾನೂ ಮಾಡೋಕಾಗದ ಹಾಗೆ ಪೂರ್ತಿ ಅಂಗವೈಕಲ್ಯ ಆಗಿದ್ರೆ ಆ ನೆಪಾನೂ ನಡೆಯಲ್ಲ. ಹೆಣ ಇಟ್ಕೊಂಡು "ಕುಡಿದಿದ್ದ" ಅಂತ ಹೆದರಿಸೋರಿಗೆ ಇದನ್ನ ಮುಖದ ಮೇಲೆ ಹೇಳಿ.

"ಮೇಸ್ತ್ರಿ ಫೋನೇ ಎತ್ತಲ್ಲ, ಹಾಜರಿ ಪುಸ್ತಕದಲ್ಲಿ ಹೆಸರೂ ಇಲ್ಲ. ಯಾರನ್ನ ಹಿಡಿಯೋದು?"

ಮೇಸ್ತ್ರಿ ಮೇಲೆ ಕಂಟ್ರಾಕ್ಟರ್ ಇರ್ತಾನೆ, ಅವ್ನ ಮೇಲೆ ಕೆಲಸ ಕೊಟ್ಟ ಕಂಪನಿ ಇರುತ್ತೆ. ತನ್ನ ವ್ಯವಹಾರದ ಕೆಲಸಾನ ಕಂಟ್ರಾಕ್ಟಿಗೆ ಕೊಟ್ಟ ಮಾತ್ರಕ್ಕೆ ಕಂಪನಿ ಕೈ ತೊಳ್ಕೊಳ್ಳೋಕಾಗಲ್ಲ, ಪರಿಹಾರ ನೇರವಾಗಿ ಅವ್ರ ಹತ್ರಾನೇ ಕೇಳಬಹುದು, ಅವ್ರು ಬೇಕಾದ್ರೆ ಕಂಟ್ರಾಕ್ಟರ್ ಹತ್ರ ವಸೂಲಿ ಮಾಡ್ಕೋತಾರೆ. ಅರ್ಜೀಲಿ ಇಬ್ಬರ ಹೆಸರೂ ಹಾಕಿ, ಇನ್ಶೂರೆನ್ಸ್ ಇದ್ರೆ ಆ ಕಂಪನೀನೂ ಸೇರಿಸಿ. ದಿನಗೂಲಿ, ಟೆಂಪರರಿ ಅಂತ ಹೊರಗಿಡೋ ಹಾಗಿಲ್ಲ, 2000ದ ತಿದ್ದುಪಡೀಲಿ ಆ ಮಾತು ತೆಗೆದುಹಾಕಿದಾರೆ. ಸಾಕ್ಷಿಗೆ ಗೇಟ್ ಪಾಸ್, ಬಟವಾಡೆ ದುಡ್ಡು ಬಂದ ಫೋನ್‌ಪೇ ಹಿಸ್ಟರಿ, ಬ್ಯಾಂಕ್ ಪಾಸ್‌ಬುಕ್, ಸೈಟಲ್ಲಿ ತೆಗೆದ ಸೆಲ್ಫಿ, ಮೇಸ್ತ್ರಿ ಕಳಿಸಿದ ವಾಯ್ಸ್ ಮೆಸೇಜ್ ಎಲ್ಲಾ ಆಗುತ್ತೆ. ಫೋನ್ ಮಾರೋಕೆ ಮುಂಚೆ ಇದನ್ನೆಲ್ಲ ಬೇರೆ ಕಡೆ ಉಳಿಸ್ಕೊಳ್ಳಿ.

"ಇಪ್ಪತ್ತು ಸಾವಿರ ಕೊಟ್ಟು ಖಾಲಿ ಛಾಪಾ ಕಾಗದದ ಮೇಲೆ ಸೈನ್ ಹಾಕಿಸ್ಕೊಂಡ್ರು, ಕಥೆ ಮುಗೀತಾ?"

ಮುಗೀಲಿಲ್ಲ. ಪರಿಹಾರದ ಹಕ್ಕು ಬಿಟ್ಟುಕೊಟ್ಟೆ ಅಂತ ಬರೆಸಿಕೊಂಡ ಕಾಗದಕ್ಕೆ ಬೆಲೇನೇ ಇಲ್ಲ. ರಾಜಿ ಮಾಡ್ಕೋಬೇಕು ಅಂದ್ರೂ ಅದನ್ನ ಪರಿಹಾರ ಆಯುಕ್ತರ (ಈ ಪರಿಹಾರದ ಕೇಸು ತೀರ್ಮಾನ ಮಾಡೋರು) ಮುಂದೆ ನೋಂದಾಯಿಸಬೇಕು, ಮೊತ್ತ ತೀರಾ ಕಮ್ಮಿ ಇದ್ರೆ ಅವ್ರು ಒಪ್ಪದೇ ಇರಬಹುದು. ಆಳು ತೀರ್ಕೊಂಡಿದ್ರೆ ಇನ್ನೂ ಬಿಗಿ, ಪರಿಹಾರದ ದುಡ್ಡನ್ನ ಆಯುಕ್ತರ ಹತ್ರಾನೇ ಕಟ್ಟಬೇಕು, ಮನೆಯವ್ರ ಕೈಗೆ ನೇರವಾಗಿ ಕೊಟ್ಟಿದ್ದು ಪರಿಹಾರ ಅಂತ ಲೆಕ್ಕಕ್ಕೆ ಬರಲ್ಲ, ಮೂರು ತಿಂಗಳ ಸಂಬಳದಷ್ಟು ಅಡ್ವಾನ್ಸ್ ಮಾತ್ರ ಬರುತ್ತೆ. ಹನ್ನೊಂದನೇ ದಿನದ ಕಾರ್ಯಕ್ಕೆ ಅಂತ ಕವರ್ ಕೊಟ್ಟು ಹೆಬ್ಬೆಟ್ಟು ಒತ್ತಿಸ್ಕೊಂಡು ಹೋಗ್ತಾರಲ್ಲ, ಆ ಅಕ್ಕನಿಗೆ ಯಾರಾದ್ರೂ ಈ ವಿಷಯ ಹೇಳ್ಬೇಕು.

## ದುಡ್ಡಿನ ಲೆಕ್ಕ

"ಸುಮಾರಾಗಿ ಎಷ್ಟು ಬರುತ್ತೆ, ನಮಗೇ ಲೆಕ್ಕ ಹಾಕೋಕಾಗುತ್ತಾ?"

ಆಗುತ್ತೆ. ಬೇಕಾಗಿರೋದು ತಿಂಗಳ ಸಂಬಳ, ಏಟು ಬಿದ್ದಾಗಿನ ವಯಸ್ಸು, ವಯಸ್ಸಿಗೆ ತಕ್ಕ ಗುಣಾಂಕ. ಸಂಬಳ ಎಷ್ಟೇ ಇದ್ರೂ ಲೆಕ್ಕಕ್ಕೆ 15,000ಕ್ಕೆ ಮಿತಿ, ಇದು 2020ರ ಜನವರಿ 3ರಿಂದ, ಅದಕ್ಕೂ ಮುಂಚೆ 8,000 ಇತ್ತು. ಗುಣಾಂಕ 20 ವಯಸ್ಸಿಗೆ 224, 30ಕ್ಕೆ 207.98, 40ಕ್ಕೆ 184.17, 50ಕ್ಕೆ 153.09. ಸಾವಾದ್ರೆ ಸಂಬಳದ ಅರ್ಧ ಇಂಟು ಗುಣಾಂಕ. ಪೂರ್ತಿ ಅಂಗವೈಕಲ್ಯ ಆದ್ರೆ ಸಂಬಳದ 60 ಪರ್ಸೆಂಟ್ ಇಂಟು ಗುಣಾಂಕ.

30 ವರ್ಷದ ಹುಡುಗ, ತಿಂಗಳಿಗೆ 18,000 ದುಡೀತಿದ್ದ ಅಂದ್ಕೊಳ್ಳಿ. 15,000 ಹಿಡಿದು, ಅರ್ಧ 7,500 ಇಂಟು 207.98, ಅಂದ್ರೆ ಸಾವಿಗೆ 15,59,850 ರೂಪಾಯಿ. ಪೂರ್ತಿ ಅಂಗವೈಕಲ್ಯಕ್ಕೆ 9,000 ಇಂಟು 207.98, 18,71,820. ಒಂದು ಹೆಬ್ಬೆಟ್ಟು ಹೋದ್ರೆ ಕಾನೂನಿನ ಪಟ್ಟೀಲಿ 30 ಪರ್ಸೆಂಟ್, ಅಂದ್ರೆ 5,61,546. ತೋರುಬೆರಳು ಪೂರ್ತಿ ಹೋದ್ರೆ 14 ಪರ್ಸೆಂಟ್. ಆ ಇಪ್ಪತ್ತು ಸಾವಿರದ ಪಕ್ಕ ಈ ಅಂಕಿ ಇಟ್ಟು ನೋಡಿ.

ಆಸ್ಪತ್ರೆ ಖರ್ಚು ಇದರಲ್ಲಿ ಸೇರಲ್ಲ, ಬಿಲ್ ಪ್ರಕಾರ ಬೇರೆ ಕೊಡ್ಬೇಕು, ಬಿಲ್ ಒಂದೂ ಬಿಸಾಡ್ಬೇಡಿ. ಒಂದು ತಿಂಗಳೊಳಗೆ ಪರಿಹಾರ ಕೊಡಲಿಲ್ಲ ಅಂದ್ರೆ ವರ್ಷಕ್ಕೆ 12 ಪರ್ಸೆಂಟ್ ಬಡ್ಡಿ, ಸರಿಯಾದ ಕಾರಣ ಇಲ್ಲದೆ ಎಳೆದಾಡಿದ್ರೆ 50 ಪರ್ಸೆಂಟ್ ತನಕ ದಂಡ.

"ಕಾಲು ಮುರಿದು ಮೂರು ತಿಂಗಳು ಮಲಗಿದ್ದೆ, ಈಗ ಸರಿ ಹೋಗಿದೆ. ನನಗೂ ಇದ್ಯಾ?"

ಇದೆ. ಹದಿನೈದು ದಿನಕ್ಕೊಂದ್ಸಲ ತಿಂಗಳ ಸಂಬಳದ 25 ಪರ್ಸೆಂಟ್, ಅಂದ್ರೆ 15,000 ಲೆಕ್ಕದಲ್ಲಿ 3,750. ಮೂರು ದಿನದೊಳಗೆ ಎದ್ದು ಕೆಲಸಕ್ಕೆ ಹೋದ್ರೆ ಇಲ್ಲ.

"ಡಾಕ್ಟ್ರು ಬರೀ 40 ಪರ್ಸೆಂಟ್ ಅಂಗವೈಕಲ್ಯ ಅಂತ ಬರೆದ್ರು, ಆದ್ರೆ ಮೂಟೆ ಎತ್ತೋಕೇ ಆಗಲ್ಲ. 40ಕ್ಕೇ ಕೊಡ್ತಾರಾ?"

ಇದು ಒಳ್ಳೇ ಪ್ರಶ್ನೆ, ವಕೀಲರೇ ಕೆಲವು ಸಲ ಬಿಟ್ಟುಬಿಡ್ತಾರೆ. ಮೈಗೆ ಎಷ್ಟು ಊನ ಆಯ್ತು ಅನ್ನೋದು ಒಂದು, ದುಡಿಯೋ ಶಕ್ತಿ ಎಷ್ಟು ಹೋಯ್ತು ಅನ್ನೋದು ಇನ್ನೊಂದು. ಒಬ್ಬ ಬಡಗಿ ಎಡಗೈ ಮೊಣಕೈ ಮೇಲಕ್ಕೆ ಕಳ್ಕೊಂಡಾಗ, ಒಂದೇ ಕೈಯಲ್ಲಿ ಬಡಗಿ ಕೆಲಸ ಮಾಡೋಕಾಗಲ್ಲ, ಹಂಗಾಗಿ ಇದು ಪೂರ್ತಿ ಅಂಗವೈಕಲ್ಯಾನೇ ಅಂತ ಸುಪ್ರೀಂ ಕೋರ್ಟ್ 1975ರ ಡಿಸೆಂಬರ್‌ನಲ್ಲೇ ಹೇಳಿದೆ. ಬೆನ್ನುಮೂಳೆಗೆ ಏಟು ಬಿದ್ದ ಹಮಾಲಿಗೂ ಅದೇ ವಾದ ಮಾಡಬಹುದು. ಡಾಕ್ಟ್ರು ಸಾಕ್ಷಿ ಹೇಳುವಾಗ "ಇವ್ರು ಇನ್ನು ಭಾರ ಎತ್ತೋ ಕೆಲಸ ಮಾಡೋಕಾಗುತ್ತಾ" ಅನ್ನೋ ಪ್ರಶ್ನೆ ಕೇಳಿಸಲೇಬೇಕು.

"ಇಎಸ್‌ಐ ಕಾರ್ಡ್ ಇದೆ. ಎರಡೂ ಕಡೆ ತಗೋಬಹುದಾ?"

ಇಲ್ಲ, ಇಎಸ್‌ಐ (ನೌಕರರ ರಾಜ್ಯ ವಿಮೆ) ಇದ್ರೆ ಅಲ್ಲಿಂದಾನೇ. ಆದ್ರೆ ಅದು ಕಮ್ಮಿ ಏನಲ್ಲ, ಕೆಲಸದಲ್ಲಿ ಏಟು ಬಿದ್ದು ರಜೆಯಲ್ಲಿದ್ರೆ ಕೂಲಿಯ 90 ಪರ್ಸೆಂಟ್ ಬರುತ್ತೆ, ಸೇರಿದ ಮೊದಲ ದಿನ ಏಟು ಬಿದ್ರೂ ಬರುತ್ತೆ, ಸಾವಾದ್ರೆ ಅವಲಂಬಿತರಿಗೆ ತಿಂಗಳು ತಿಂಗಳು ಪಿಂಚಣಿ ಥರ ಬರುತ್ತೆ. ಸಂಬಳ 21,000 ಒಳಗಿದ್ದೋರಿಗೆ ಇದು. ನೋಡ್ಕೋಬೇಕಾದ್ದು ಒಂದೇ, ಆಸ್ಪತ್ರೇಲಿ ಮಾಮೂಲಿ ಕಾಯಿಲೆ ಅಂತ ಬರೆದ್ರೆ 70 ಪರ್ಸೆಂಟೇ ಬರೋದು, ಹಂಗಾಗಿ ಮಾಲೀಕ ಅಪಘಾತದ ವರದಿ ಕಳಿಸಿದಾನಾ ಅಂತ ಕೇಳಿ.

## ಕೋರ್ಟು, ಗಡುವು, ಇನ್ನೊಂದಿಷ್ಟು

"ಏಟು ಬಿದ್ದಿದ್ದು ಮಂಗಳೂರಲ್ಲಿ. ಪ್ರತಿ ಡೇಟಿಗೂ ಅಲ್ಲಿಗೇ ಹೋಗ್ಬೇಕಾ?"

ಬೇಡ. ಏಟು ಬಿದ್ದ ಜಾಗ, ಕಂಪನಿಯ ನೋಂದಾಯಿತ ಆಫೀಸ್ ಇರೋ ಜಾಗ, ಇಲ್ಲಾ ನೀವು ವಾಸ ಇರೋ ಜಾಗ, ಮೂರರಲ್ಲಿ ಎಲ್ಲಿ ಬೇಕಾದ್ರೂ ಕೇಸ್ ಹಾಕಬಹುದು. ಕೋಲಾರದವ್ನಿಗೆ ಚೆನ್ನೈಯಲ್ಲಿ ಏಟು ಬಿದ್ರೂ ಕೋಲಾರದಲ್ಲೇ ಹಾಕಬಹುದು. ನನ್ನ ಹತ್ರ ಬಂದವ್ರಲ್ಲಿ ಅರ್ಧಕ್ಕರ್ಧ ಜನ "ಅಲ್ಲಿತನಕ ಯಾರು ಓಡಾಡ್ತಾರೆ" ಅಂತಾನೇ ಸುಮ್ನಾಗಿದ್ರು, ಅದನ್ನ ನೆನೆಸ್ಕೊಂಡ್ರೆ ಈಗ್ಲೂ ಹೊಟ್ಟೆ ಉರಿಯುತ್ತೆ. ಗಡುವು ಏಟು ಬಿದ್ದ ದಿನದಿಂದ, ಇಲ್ಲಾ ಸತ್ತ ದಿನದಿಂದ 2 ವರ್ಷ. ದಾಟಿದ್ರೆ ಸರಿಯಾದ ಕಾರಣ ಕೊಟ್ಟು ಕ್ಷಮಿಸಿ ಅಂತ ಕೇಳಬಹುದು, ಆದ್ರೆ ಅದನ್ನ ನಂಬ್ಕೊಂಡು ಕೂರ್ಬೇಡಿ.

ಮೊದಲು ಜಿಲ್ಲಾ ಕೋರ್ಟ್ ಆವರಣದಲ್ಲಿರೋ ಕಾನೂನು ಸೇವಾ ಪ್ರಾಧಿಕಾರಕ್ಕೆ ಹೋಗಿ. ಕೈಗಾರಿಕಾ ಕಾರ್ಮಿಕರಿಗೆ, ಹೆಣ್ಣುಮಕ್ಕಳಿಗೆ, ಎಸ್‌ಸಿ ಎಸ್‌ಟಿಯವ್ರಿಗೆ, ಅಂಗವಿಕಲರಿಗೆ ವಕೀಲರನ್ನ ಫ್ರೀಯಾಗಿ ಕೊಡ್ತಾರೆ, 15100ಕ್ಕೆ ಫೋನೂ ಮಾಡಬಹುದು. ಸ್ವಂತ ವಕೀಲರನ್ನ ಇಟ್ಕೊಂಡ್ರೆ, ಬಂದ ಪರಿಹಾರದಲ್ಲಿ ಇಷ್ಟು ಪರ್ಸೆಂಟ್ ಅಂತ ಮಾತಾಡ್ಕೊಳ್ಳೋದು ಬಾರ್ ಕೌನ್ಸಿಲ್ ನಿಯಮಕ್ಕೆ ವಿರುದ್ಧ, ಫೀಸ್ ಎಷ್ಟು ಅಂತ ಮೊದಲೇ ಕೇಳ್ಕೊಳ್ಳಿ.

"ಹೊಸ ಲೇಬರ್ ಕೋಡ್ ಬಂತಲ್ಲ, ಹಳೇದೆಲ್ಲ ಹೋಯ್ತಾ?"

1923ರ ನೌಕರರ ಪರಿಹಾರ ಕಾಯ್ದೆ ಈಗ 2020ರ ಸಾಮಾಜಿಕ ಭದ್ರತಾ ಸಂಹಿತೆ ಒಳಗೆ ಸೇರಿದೆ, 2025ರ ನವೆಂಬರ್ 21ರಿಂದ ಜಾರಿ. ಸಾವಿಗೆ ಅರ್ಧ, ಪೂರ್ತಿ ಅಂಗವೈಕಲ್ಯಕ್ಕೆ 60 ಪರ್ಸೆಂಟ್ ಅನ್ನೋ ಸೂತ್ರ ಅದೇ ಇದೆ. ಹೊಸದಾಗಿ ಒಂದು ಒಳ್ಳೇದು ಬರವಣಿಗೇಲೇ ಸೇರಿದೆ, ಮನೆಯಿಂದ ಕೆಲಸಕ್ಕೆ ಹೋಗ್ತಾ, ಕೆಲಸ ಮುಗಿಸಿ ಮನೆಗೆ ಬರ್ತಾ ಆದ ಅಪಘಾತಾನೂ, ಹೊತ್ತು ಮತ್ತೆ ಜಾಗಕ್ಕೂ ಕೆಲಸಕ್ಕೂ ಸಂಬಂಧ ಇದ್ರೆ, ಕೆಲಸದಲ್ಲಾದ ಅಪಘಾತಾನೇ. ಹಳೇ ಕಾಯ್ದೆಗೂ ಇದು ಅನ್ವಯ ಅಂತ ಸುಪ್ರೀಂ ಕೋರ್ಟ್ 2025ರ ಜುಲೈಯಲ್ಲಿ ಹೇಳಿದೆ, ಹಂಗಾಗಿ ಹಳೇ ಕೇಸಿನವ್ರೂ ಕೇಳಬಹುದು.

"ಯಾರ್ಡ್ ಒಳಗೆ ಲಾರಿ ಹರಿದ್ರೆ ಯಾವ ಕೇಸು?"

ಮೋಟಾರು ಅಪಘಾತದ ಟ್ರಿಬ್ಯುನಲ್ಲಿಗೂ ಹೋಗಬಹುದು, ಕಾರ್ಮಿಕ ಪರಿಹಾರಾನೂ ಕೇಳಬಹುದು, ಆದ್ರೆ ಒಂದನ್ನೇ ಆರಿಸ್ಕೋಬೇಕು. ಟ್ರಿಬ್ಯುನಲ್‌ನಲ್ಲಿ 15,000ದ ಮಿತಿ ಇಲ್ಲ, ಜಾಸ್ತಿ ಬರೋ ಸಾಧ್ಯತೆ ಇದೆ, ಆದ್ರೆ ಡ್ರೈವರ್ ತಪ್ಪು ತೋರಿಸ್ಬೇಕು, ಅರ್ಜಿಗೆ 6 ತಿಂಗಳ ಗಡುವೂ ಕಾನೂನಲ್ಲಿ ಸೇರಿಸಿದಾರೆ. ಅರ್ಜಿ ಹಾಕೋ ಮುಂಚೆ ವಕೀಲರ ಹತ್ರ ಎರಡೂ ಲೆಕ್ಕ ಹಾಕಿಸಿ ನೋಡಿ.

"ಏಟೇನೂ ಬಿದ್ದಿಲ್ಲ, ಕಲ್ಲಿನ ಧೂಳು ಕುಡಿದು ಕುಡಿದು ಉಸಿರೇ ಆಡಲ್ಲ. ಇದಕ್ಕೆ?"

ಕಲ್ಲಿನ ಧೂಳಿಂದ ಬರೋ ಸಿಲಿಕೋಸಿಸ್ ಔದ್ಯೋಗಿಕ ಕಾಯಿಲೆ ಪಟ್ಟೀಲಿದೆ, ಶಬ್ದದಿಂದ ಕಿವಿ ಮಂದ ಆಗೋದೂ ಇದೆ. ಕಷ್ಟ ಏನಂದ್ರೆ ಎಕ್ಸ್‌ರೇ ನೋಡಿ ಟಿಬಿ ಅಂತ ಮಾತ್ರೆ ಕೊಟ್ಟು ಕಳಿಸಿಬಿಡ್ತಾರೆ. ಕಫದಲ್ಲಿ ಟಿಬಿ ಸಿಗ್ಲಿಲ್ಲ, ಮಾತ್ರೆಗೂ ಬಗ್ಗಲಿಲ್ಲ ಅಂದ್ರೆ "ನಾನು ಇಷ್ಟು ವರ್ಷ ಕಲ್ಲು ಕ್ವಾರೀಲಿ, ಕ್ರಷರಲ್ಲಿ ದುಡಿದೀನಿ" ಅಂತ ಡಾಕ್ಟ್ರಿಗೆ ಹೇಳಿ ಚೀಟೀಲಿ ಬರೆಸಿ.

"ನಾವು ಎಪಿಎಂಸಿ ಹಮಾಲಿಗಳು. ಇವತ್ತು ಒಂದು ಮಂಡಿ, ನಾಳೆ ಇನ್ನೊಂದು. ನಮ್ಮ ಮಾಲೀಕ ಯಾರು?"

ಇದು ಎಲ್ಲಕ್ಕಿಂತ ಕಷ್ಟದ್ದು. ಕೋಲಾರದ ಟೊಮೇಟೊ ಮಾರ್ಕೆಟ್ಟಲ್ಲಿ ಬೆಳಗ್ಗೆ ನಾಲ್ಕು ಅಂಗಡಿ ಬಾಕ್ಸ್ ಎತ್ತಿದವ್ನಿಗೆ ಐದನೇ ಕಡೆ ಸೊಂಟ ಹಿಡಿದ್ರೆ ಐವರೂ ಗೊತ್ತಿಲ್ಲ ಅಂತಾರೆ. ಏಟು ಬಿದ್ದ ಹೊತ್ತಲ್ಲಿ ಯಾರ ಮಾಲು, ಯಾರು ಹೇಳಿ ಎತ್ತಿಸಿದ್ರು, ಕೂಲಿ ಯಾರು ಕೊಡ್ತಿದ್ರು ಅನ್ನೋದ್ರ ಮೇಲೆ ಕೇಸ್ ನಿಲ್ಲುತ್ತೆ, ನಿಲ್ಲದೇನೂ ಹೋಗಬಹುದು. ಹಂಗಾಗಿ ಬೇರೆ ಆಸರೆ ಮೊದಲೇ ಮಾಡ್ಕೊಳ್ಳಿ. ರಾಜ್ಯದ ಅಂಬೇಡ್ಕರ್ ಕಾರ್ಮಿಕ ಸಹಾಯ ಹಸ್ತ ಯೋಜನೇಲಿ ಹಮಾಲಿಗಳು ಇದಾರೆ, ಕಾರ್ಮಿಕ ಇಲಾಖೆ ಆಫೀಸಲ್ಲಿ ನೋಂದಾಯಿಸಿ. ಬ್ಯಾಂಕಲ್ಲಿ ಪ್ರಧಾನಮಂತ್ರಿ ಸುರಕ್ಷಾ ಬಿಮಾ ವರ್ಷಕ್ಕೆ 20 ರೂಪಾಯಿ, 18ರಿಂದ 70 ವಯಸ್ಸಿನವ್ರಿಗೆ, ಅಪಘಾತದಲ್ಲಿ ತೀರ್ಕೊಂಡ್ರೆ 2 ಲಕ್ಷ. ಜೂನ್ 1ಕ್ಕೆ ರಿನ್ಯೂ ಆಗುತ್ತೆ, ಮೇ ಕೊನೇಲಿ ಅಕೌಂಟಲ್ಲಿ ದುಡ್ಡಿಲ್ಲ ಅಂದ್ರೆ ಪಾಲಿಸಿ ನಿಂತೋಗುತ್ತೆ, ಹಿಂಗೇ ಕಳ್ಕೊಂಡ ಒಂದು ಮನೆ ನನಗೆ ಗೊತ್ತು.

"ಪರಿಹಾರ ಬಂದ್ರೆ ಸಂಘದ ಸಾಲ, ಕೈಸಾಲ ಕೊಟ್ಟೋರು ಕೋರ್ಟಲ್ಲೇ ಹಿಡ್ಕೊಂಡುಬಿಡ್ತಾರಾ?"

ಹಿಡ್ಕೊಳ್ಳೋಕಾಗಲ್ಲ. ಈ ಪರಿಹಾರದ ದುಡ್ಡನ್ನ ಸಾಲಕ್ಕೆ ಜಪ್ತಿ ಮಾಡೋ ಹಾಗಿಲ್ಲ, ಬೇರೆಯವ್ರ ಹೆಸರಿಗೆ ಬರೆದುಕೊಡೋ ಹಾಗೂ ಇಲ್ಲ. ನಮ್ಮ ಚಿಕ್ಕಪ್ಪನ ಆರ್ಡರ್ ಬಂದ ವಾರಾನೇ ಇಬ್ಬರು ಮನೆ ಬಾಗಿಲಿಗೆ ಬಂದ್ರು. ಚಿಕ್ಕಮ್ಮ ಒಳಗಿಂದ ಕೋರ್ಟ್ ಕಾಗದ ತಂದು ತೋರಿಸಿ, ಇದು ಅವ್ರ ಕೈಯಿನ ದುಡ್ಡು, ಸಾಲ ಬೇರೆ ತೀರಿಸ್ತೀವಿ ಅಂದ್ರು. ಆ ದುಡ್ಡಲ್ಲಿ ಎರಡು ಸೀಮೆ ಹಸು ತಂದ್ರು, ಹಾಲು ಕರೆಯೋದು ಚಿಕ್ಕಮ್ಮ, ಎಡಗೈಯಲ್ಲಿ ಕ್ಯಾನ್ ಹಿಡ್ಕೊಂಡು ಡೇರಿಗೆ ಹೋಗೋದು ಚಿಕ್ಕಪ್ಪ. ಸಾಲಾನ ಹಾಲಿನ ಬಟವಾಡೇಲಿ ತಿಂಗಳು ತಿಂಗಳು ಕಟ್ತಿದಾರೆ.